ತಕ್ಕಡಿಯಲ್ಲಿ ಕೂರದ ಹೆಣ್ಣು: ಸಿಮೋನ್ ದ ಬೋವಾ ಓದಿನ ಸುತ್ತ

೧

ನಮ್ಮ ಓದಿನ ಗುಂಪಿನಲ್ಲಿ ಭಾನುವಾರ ಸಂಜೆ ಹತ್ತು ಹನ್ನೆರಡು ಜನ ಸೇರುತ್ತೇವೆ. ಸಂಘಟನೆಯ ಹುಡುಗರು, ಒಂದಿಬ್ಬರು ಮೇಷ್ಟ್ರುಗಳು, ಹಾಸ್ಟೆಲಿನಿಂದ ಬರುವ ಹುಡುಗಿಯರು. ಕೆಲವು ತಿಂಗಳ ಹಿಂದೆ ಸಿಮೋನ್ ದ ಬೋವಾಳ ‘ದಿ ಸೆಕೆಂಡ್ ಸೆಕ್ಸ್’ ಪುಸ್ತಕದ ಪೀಠಿಕೆಯನ್ನು ಇಂಗ್ಲಿಷಿನಿಂದ ಅಲ್ಲಲ್ಲೇ ಕನ್ನಡ ಮಾಡಿ ಹೇಳುವ ಕೆಲಸ ನನ್ನ ಪಾಲಿಗೆ ಬಂತು. ಹೆಣ್ಣಿನ ಸ್ಥಿತಿಯನ್ನು ವಿವರಿಸುವಾಗ ಬೋವಾ ಮತ್ತೆ ಮತ್ತೆ ಅಮೆರಿಕದ ಕರಿಯರನ್ನು, ಯಹೂದಿಗಳನ್ನು, ಕಾರ್ಮಿಕರನ್ನು ಹೋಲಿಕೆಗೆ ಕರೆತರುತ್ತಾಳೆ. ನನಗೆ ಹುರುಪು. ನೋಡಿ, ಈಕೆ ನಮ್ಮ ಮಾತನ್ನೇ ಆಡ್ತಾ ಇದಾಳೆ, ‘ಕರಿಯರು’ ಅನ್ನೋ ಕಡೆ ‘ದಲಿತರು’ ಅಂತ ಹಾಕ್ಕೊಂಡು ಓದಿ ಸಾಕು ಎಂದು ವಿವರಿಸುತ್ತಿದ್ದೆ. ಎಂ.ಎ. ಓದುತ್ತಿದ್ದ, ನಮ್ಮ ಕೇರಿಯವಳೇ ಆದ ಹುಡುಗಿಯೊಬ್ಬಳು ಕೇಳಿದಳು: ‘ಸಾರ್, ಒಂದು ತಟ್ಟೇಲಿ ಹೆಂಗಸ್ರು, ಇನ್ನೊಂದು ತಟ್ಟೇಲಿ ಕರಿಯರು ಅಂತ ಇಟ್ಟು ತೂಗ್ತಾ ಇದಾರಲ್ಲ, ಕರಿ ಹೆಂಗಸು ಯಾವ ತಟ್ಟೇಲಿ ಕೂರ್ತಾಳೆ?’

ಅದು ೧೯೪೯ರ ಪುಸ್ತಕ ಕಣಮ್ಮಾ, ಆ ಕಾಲಕ್ಕೆ ಅಷ್ಟು ಹೇಳಿದ್ದೇ ದೊಡ್ಡದು ಎಂದು ಏನೋ ಹೇಳಿ ಮುಂದಿನ ಪುಟಕ್ಕೆ ಹೋದೆ. ಮುಂದಿನ ಪುಟಕ್ಕೆ ನಾನು ಹೋದೆ, ಪ್ರಶ್ನೆ ಹೋಗಲಿಲ್ಲ. ಈ ಲೇಖನ ಆ ಪ್ರಶ್ನೆಯ ಬೆನ್ನು ಹತ್ತಿ ಬರೆದದ್ದು.

ದಲಿತ ವಿಮರ್ಶೆಯ ಸಂಚಿಕೆಗೆ ಫ್ರಾನ್ಸಿನ ಹೆಂಗಸು ಯಾಕ್ರೀ ಎಂದು ಗೆಳೆಯರು ಕೇಳಬಹುದು. ನ್ಯಾಯವಾದ ಪ್ರಶ್ನೆಯೇ. ಅಸ್ತಿತ್ವವಾದ ಕನ್ನಡಕ್ಕೆ ಬಂದದ್ದು ನವ್ಯದ ದಾರಿಯಲ್ಲಿ. ಆಗ ಅಸ್ತಿತ್ವವಾದ ಎಂದರೆ ಸಾರ್ತ್ರ, ಕಾಮು. ಒಂಟಿ ಗಂಡಸಿನ ತಳಮಳ. ಬೋವಾ ಬಂದರೆ ಸಾರ್ತ್ರನ ಗೆಳತಿಯಾಗಿ ಬರುತ್ತಿದ್ದಳು. ಸ್ತ್ರೀವಾದಿ ಗೆಳತಿಯರು ಆಕೆಯನ್ನು ಆ ನೆರಳಿನಿಂದ ಬಿಡಿಸಿ ತಂದರು. ಆದರೆ ನಾವು, ಅಂದರೆ ದಲಿತ ವಿಮರ್ಶೆ ಎಂದು ಹೇಳಿಕೊಳ್ಳುವವರು, ಆಕೆಯನ್ನು ನಮ್ಮ ಕಣ್ಣಿನಿಂದ ಓದಿಲ್ಲ. ಓದಿದರೆ ಆಕೆಗೂ ಒಂದಿಷ್ಟು ತಕರಾರು ಎದುರಾಗುತ್ತದೆ, ನಮಗೂ ಎದುರಾಗುತ್ತದೆ.

೨

ಬೋವಾ ಹುಟ್ಟಿದ್ದು ೧೯೦೮ರ ಜನವರಿ ೯ರಂದು, ಪ್ಯಾರಿಸಿನ ಅನುಕೂಲಸ್ಥ ಕ್ಯಾಥೊಲಿಕ್ ಮನೆತನದಲ್ಲಿ. ತಾಯಿಯ ತಂದೆಯದು ಬ್ಯಾಂಕಿನ ವ್ಯವಹಾರ. ಬ್ಯಾಂಕು ದಿವಾಳಿಯೆದ್ದಿತು, ಮಾತಾಡಿದ್ದ ವರದಕ್ಷಿಣೆ ಕೈಗೆ ಬರಲಿಲ್ಲ. ಮೊದಲ ಮಹಾಯುದ್ಧದ ನಂತರ ತಂದೆಯ ಹಣವೂ ಕರಗಿತು. ದೊಡ್ಡ ಮನೆ ಬಿಟ್ಟು ಲಿಫ್ಟಿಲ್ಲದ ಮೇಲಂತಸ್ತಿನ ಸಣ್ಣ ಮನೆಗೆ ಬಂದರು. ನಿಮಗೆ ಕೊಡಲು ನನ್ನ ಹತ್ತಿರ ವರದಕ್ಷಿಣೆ ಇಲ್ಲ, ಮದುವೆಯ ಆಸೆ ಬಿಡಿ, ದುಡಿದು ಬದುಕಬೇಕು ಎಂದು ತಂದೆ ಇಬ್ಬರು ಹೆಣ್ಣುಮಕ್ಕಳಿಗೂ ಹೇಳಿಬಿಟ್ಟ. ಅವನಿಗೆ ಅದು ಅವಮಾನ, ಮಗಳಿಗೆ ಅದೇ ಬಿಡುಗಡೆ. ವರದಕ್ಷಿಣೆ ಇದ್ದಿದ್ದರೆ ಲೋಕಕ್ಕೆ ಈ ತತ್ವಜ್ಞಾನಿ ಸಿಗುತ್ತಿರಲಿಲ್ಲವೇನೋ. ೧೯೨೯ರಲ್ಲಿ, ಇಪ್ಪತ್ತೊಂದನೇ ವಯಸ್ಸಿಗೆ, ತತ್ವಶಾಸ್ತ್ರದ ಅಗ್ರೆಗಾಸಿಯೊಂ ಎಂಬ ಕಠಿಣ ಪರೀಕ್ಷೆಯಲ್ಲಿ ಎರಡನೆಯವಳಾಗಿ ಪಾಸಾದಳು. ಮೊದಲನೆಯವನು ಸಾರ್ತ್ರ, ಅವನಿಗದು ಎರಡನೇ ಸಲ.

ಅದೇ ವರ್ಷ ಆಕೆಯ ಜೀವದ ಗೆಳತಿ ಜಾಜಾ ತೀರಿಕೊಂಡಳು. ವೈದ್ಯರು ಹೇಳಿದ್ದು ಮಿದುಳಿನ ಉರಿಯೂತ. ಬೋವಾ ಮಾತ್ರ ಆ ಸಾವಿನ ಹಿಂದೆ ಮದುವೆಯ ಕತೆಯನ್ನು ಕಂಡಳು. ಜಾಜಾ ಮೆಚ್ಚಿದ್ದು ಮುಂದೆ ಪ್ರಖ್ಯಾತ ತತ್ವಜ್ಞಾನಿಯಾದ ಮೆರ್ಲೊ-ಪಾಂಟಿಯನ್ನು. ಜಾಜಾಳ ಮನೆಯವರು ಹುಡುಗನ ಹಿನ್ನೆಲೆ ವಿಚಾರಿಸಿದರು, ಅವನ ಹುಟ್ಟು ಮದುವೆಯ ಕಟ್ಟಿನೊಳಗಿನದಲ್ಲ ಎಂದು ತಿಳಿಯಿತು, ಸಂಬಂಧ ಮುರಿಯಿತು. ಈ ಗುಟ್ಟು ಬೋವಾಳಿಗೆ ಗೊತ್ತಾದದ್ದು ಬಹಳ ವರ್ಷಗಳ ನಂತರ. ಹುಟ್ಟನ್ನು ಅಗೆದು ನೋಡಿ ಮದುವೆಗೆ ಬೇಲಿ ಹಾಕುವ ಪದ್ಧತಿ ನಮಗೆ ಹೊಸದಲ್ಲ. ಪ್ಯಾರಿಸಿನಲ್ಲೂ ಅದು ಇತ್ತು, ಅಲ್ಲೂ ಬೇಲಿಗೆ ಸಿಕ್ಕಿ ಹರಿದದ್ದು ಹುಡುಗಿಯೇ.

ಜಾಜಾಳ ಕತೆ ಎಲ್ಲರಿಗೂ ಗೊತ್ತು. ಅದನ್ನಿಟ್ಟುಕೊಂಡು ಬೋವಾ ಬರೆದು ಹಾಗೇ ಇಟ್ಟಿದ್ದ ಕಾದಂಬರಿ ೨೦೨೦ರಲ್ಲಿ ಅಚ್ಚಾಯಿತು. ನನ್ನನ್ನು ಹಿಡಿದು ನಿಲ್ಲಿಸಿದವಳು ಇನ್ನೊಬ್ಬಳು: ಲೂಯಿಸ್. ಬೋವಾಳನ್ನು ಚಿಕ್ಕಂದಿನಲ್ಲಿ ಸಾಕಿದ ಕೆಲಸದಾಕೆ. ೧೯೫೮ರಲ್ಲಿ ಬಂದ ಆತ್ಮಕಥೆಯ ಮೊದಲ ಸಂಪುಟದಲ್ಲಿ ಅವಳಿಗೆ ಸಿಕ್ಕಿರುವುದು ಕೆಲವೇ ಪುಟ. ಲೂಯಿಸ್ ಸೂರು ಹೊದಿಸುವ ಕೆಲಸದವನೊಬ್ಬನನ್ನು ಮದುವೆಯಾಗಿ ಹೋಗುತ್ತಾಳೆ. ಅವಳಿಗೆ ಮಗುವಾದಾಗ ತಾಯಿ ಹುಡುಗಿ ಸಿಮೋನಳನ್ನು ಕರೆದುಕೊಂಡು ನೋಡಲು ಹೋಗುತ್ತಾಳೆ. ಆರನೇ ಅಂತಸ್ತು, ಸೂರಿನಡಿಯ ಒಂದೇ ಕೋಣೆ, ಓಣಿಯುದ್ದಕ್ಕೂ ಅಂಥವೇ ಬಾಗಿಲುಗಳು. ಕೆಲವೇ ದಿನಗಳಲ್ಲಿ ಆ ಮಗು ಸತ್ತಿತೆಂಬ ಸುದ್ದಿ ಬರುತ್ತದೆ. ಸಿಮೋನ್ ಗಂಟೆಗಟ್ಟಲೆ ಅಳುತ್ತಾಳೆ. ಇದು ಅನ್ಯಾಯ ಎಂದುಕೊಳ್ಳುತ್ತಾಳೆ. ಆಮೇಲೆ ಬೋವಾ ಒಂದು ಮಾತು ಸೇರಿಸುತ್ತಾಳೆ: ಕಣ್ಣೊರೆಸಿಕೊಂಡೆ, ಆದರೆ ಸಮಾಜವನ್ನು ಪ್ರಶ್ನಿಸುವವರೆಗೆ ಹೋಗಲಿಲ್ಲ ಎಂಬ ಅರ್ಥದ್ದು.

ಈ ಪ್ರಾಮಾಣಿಕತೆಗಾಗಿ ನಾನು ಬೋವಾಳನ್ನು ಗೌರವಿಸುತ್ತೇನೆ. ಆದರೆ ಅಲ್ಲಿಂದ ಮುಂದೆ ಓದುವಾಗೆಲ್ಲ ನನ್ನ ಕಣ್ಣು ಲೂಯಿಸಳನ್ನು ಹುಡುಕತೊಡಗಿತು. ಈ ದೊಡ್ಡ ತತ್ವಜ್ಞಾನದ ಮನೆಯಲ್ಲಿ ಅವಳ ಕೋಣೆ ಎಲ್ಲಿ?

೩

‘ಅನ್ಯ’ ಎಂಬ ಪರಿಕಲ್ಪನೆ ಬೋವಾಳಿಗೆ ಎಲ್ಲಿಂದ ಬಂತು ಎಂಬುದನ್ನು ನೋಡಬೇಕು. ಪಠ್ಯಪುಸ್ತಕದ ಉತ್ತರ ಹೆಗೆಲ್ ಮತ್ತು ಸಾರ್ತ್ರ. ಹೆಗೆಲನ ಒಡೆಯ-ಆಳು ವಿವರಣೆಯನ್ನು ಆಕೆ ಆಳವಾಗಿ ಓದಿದ್ದು ನಿಜ. ಆದರೆ ಇನ್ನೊಂದು ಮೂಲವಿದೆ, ಅದು ನಮಗೆ ಹತ್ತಿರದ್ದು.

೧೯೪೫ರ ಅಕ್ಟೋಬರಿನಲ್ಲಿ ಸಾರ್ತ್ರ, ಬೋವಾ ಮತ್ತವರ ಗೆಳೆಯರು ‘ಲೆ ತಾಂ ಮಾಡರ್ನ್’ ಪತ್ರಿಕೆ ಶುರುಮಾಡಿದರು. ಅದರ ಮೊದಲ ಸಂಚಿಕೆಯಲ್ಲೇ ಅಮೆರಿಕದ ಕರಿಯ ಲೇಖಕ ರಿಚರ್ಡ್ ರೈಟ್‌ನ ಕತೆಯ ಅನುವಾದವಿತ್ತು. ೧೯೪೭ರಲ್ಲಿ ಬೋವಾ ನಾಲ್ಕು ತಿಂಗಳು ಅಮೆರಿಕ ಸುತ್ತಿದಳು. ನ್ಯೂಯಾರ್ಕಿನಲ್ಲಿ ರೈಟ್ ಆಕೆಗೆ ಹಾರ್ಲೆಮ್ ತೋರಿಸಿದ. ಮರುವರ್ಷ ಅಚ್ಚಾದ ಪ್ರವಾಸಕಥನವನ್ನು ಆಕೆ ರೈಟ್ ದಂಪತಿಗಳಿಗೆ ಅರ್ಪಿಸಿದಳು. ೧೯೪೭ರ ಕೊನೆಗೇ ಸ್ವೀಡನ್ನಿನ ಅರ್ಥಶಾಸ್ತ್ರಜ್ಞ ಗುನ್ನಾರ್ ಮಿರ್ಡಾಲ್ ಕರಿಯರ ಸ್ಥಿತಿಯ ಬಗ್ಗೆ ೧೯೪೪ರಲ್ಲಿ ಪ್ರಕಟಿಸಿದ್ದ ‘ಆನ್ ಅಮೆರಿಕನ್ ಡಿಲೆಮಾ’ ಎಂಬ ಬೃಹತ್ ಗ್ರಂಥ ಓದಿದಳು. ಹೆಂಗಸರ ಬಗ್ಗೆ ಇಷ್ಟೇ ತೂಕದ ಪುಸ್ತಕ ಬರೆಯಬೇಕೆಂಬ ಆಸೆಯನ್ನು ಶಿಕಾಗೊದ ಗೆಳೆಯ ನೆಲ್ಸನ್ ಆಲ್ಗ್ರೆನ್‌ಗೆ ಕಾಗದದಲ್ಲಿ ತಿಳಿಸಿದಳು. ಮಿರ್ಡಾಲನ ಗ್ರಂಥದಲ್ಲಿ ಹೆಂಗಸರ ಸ್ಥಿತಿಯನ್ನು ಕರಿಯರ ಸ್ಥಿತಿಗೆ ಹೋಲಿಸುವ ಅನುಬಂಧವೇ ಇದೆ.

ಇದರರ್ಥ ಸರಳ. ಮಹಿಳೆಯ ಪ್ರಶ್ನೆಯನ್ನು ಕೇಳುವ ವಿಧಾನವನ್ನು ಬೋವಾ ಕಲಿತದ್ದರಲ್ಲಿ ಕರಿಯರ ಹೋರಾಟದ ಪಾಲೂ ಇದೆ. ಇದು ಕರಿಯರ ಸಮಸ್ಯೆ ಅಲ್ಲ, ಬಿಳಿಯರ ಸಮಸ್ಯೆ ಎಂದು ರೈಟ್ ಹೇಳುತ್ತಿದ್ದ. ಹೆಂಗಸರ ಸಮಸ್ಯೆ ಎನ್ನುವುದು ಗಂಡಸರು ಹುಟ್ಟುಹಾಕಿದ ಸಮಸ್ಯೆ ಎಂದು ಬೋವಾ ವಾದಿಸುತ್ತಾಳೆ. ೧೯೭೨ರಲ್ಲಿ ಮುಂಬಯಿಯಲ್ಲಿ ದಲಿತ ಪ್ಯಾಂಥರ್ಸ್ ಅಮೆರಿಕದ ಬ್ಲ್ಯಾಕ್ ಪ್ಯಾಂಥರರಿಂದ ಹೆಸರು ತಂದುಕೊಂಡ ನೆನಪಿರುವ ನಮಗೆ ಈ ಕೊಡುಕೊಳೆ ಅರ್ಥವಾಗುತ್ತದೆ. ಒಬ್ಬರ ನೋವಿನ ಭಾಷೆಯನ್ನು ಇನ್ನೊಬ್ಬರು ಎರವಲು ತರುತ್ತಾರೆ. ತಪ್ಪೇನಿಲ್ಲ. ಎರವಲು ತಂದ ಮೇಲೆ ಕೊಟ್ಟವರ ಮನೆಯಲ್ಲಿ ಯಾರು ಯಾರಿದ್ದಾರೆ ಎಂದು ನೋಡಬೇಕಾಗುತ್ತದೆ, ಅಷ್ಟೆ.

ಬೋವಾ ನೋಡಿರಲಿಲ್ಲವೆ? ಕಣ್ಣಾರೆ ನೋಡಿದ್ದಳು. ಬಸ್ಸಿನಲ್ಲಿ ಅಮೆರಿಕದ ದಕ್ಷಿಣಕ್ಕೆ ಹೋದಾಗ ಟೆಕ್ಸಾಸಿನಲ್ಲಿ ಕಂಡ ಬಸ್ ನಿಲ್ದಾಣದ ಬಗ್ಗೆ ಆಕೆ ಬರೆದಿದ್ದಾಳೆ. ಬಿಳಿಯರಿಗೆ ಬೇರೆ ಕಡೆ, ಕರಿಯರಿಗೆ ಬೇರೆ ಕಡೆ. ಶೌಚಾಲಯದ ಬಾಗಿಲುಗಳ ಮೇಲಿನ ಬರಹವನ್ನೂ ಆಕೆ ಗಮನಿಸಿದಳು. ಬಿಳಿ ಹೆಂಗಸರಿಗೆ ‘ಲೇಡೀಸ್’ ಎಂದು ಬರೆದಿದೆ, ಕರಿ ಹೆಂಗಸರಿಗೆ ಬರೀ ‘ವಿಮೆನ್’. ನಮ್ಮ ಹುಡುಗಿ ಕೇಳಿದ ಪ್ರಶ್ನೆಗೆ ಉತ್ತರ ಆ ಬಾಗಿಲ ಮೇಲೇ ಇತ್ತು. ಎರಡು ತಟ್ಟೆಯ ತಕ್ಕಡಿ ಅಲ್ಲಿಗೇ ಮುರಿಯಬೇಕಿತ್ತು. ಎರಡು ವರ್ಷದ ನಂತರ ಬಂದ ದೊಡ್ಡ ಪುಸ್ತಕದಲ್ಲಿ ತಕ್ಕಡಿ ಮುರಿಯಲಿಲ್ಲ.

೪

‘ದಿ ಸೆಕೆಂಡ್ ಸೆಕ್ಸ್’ ೧೯೪೯ರ ಜೂನ್ ಮತ್ತು ನವೆಂಬರಿನಲ್ಲಿ ಎರಡು ಸಂಪುಟಗಳಾಗಿ ಬಂತು. ಫ್ರಾನ್ಸಿನ ಹೆಂಗಸರು ಮೊದಲ ಸಲ ಓಟು ಹಾಕಿ ಆಗ ನಾಲ್ಕು ವರ್ಷ. ಮೊದಲ ಸಂಪುಟ ಒಂದೇ ವಾರದಲ್ಲಿ ಇಪ್ಪತ್ತೆರಡು ಸಾವಿರ ಪ್ರತಿ ಖರ್ಚಾಯಿತು. ಬೈಗುಳವೂ ಅಷ್ಟೇ ಧಾರಾಳವಾಗಿ ಬಂತು. ೧೯೫೬ರಲ್ಲಿ ವ್ಯಾಟಿಕನ್ ಅದನ್ನು ನಿಷೇಧಿತ ಪುಸ್ತಕಗಳ ಪಟ್ಟಿಗೆ ಸೇರಿಸಿತು.

ಪುಸ್ತಕದ ತಿರುಳನ್ನು ನನ್ನ ಮಾತಿನಲ್ಲಿ ಹೇಳುತ್ತೇನೆ. ಗಂಡಸು ತನ್ನನ್ನೇ ಮನುಷ್ಯ ಎಂದುಕೊಂಡ. ಹೆಣ್ಣನ್ನು ತನ್ನಿಂದ ಅಳೆದು ‘ಅನ್ಯೆ’ ಮಾಡಿದ. ಹೆಣ್ತನ ಎಂಬುದು ಗರ್ಭದಿಂದ ಬಂದ ಗುಣವಲ್ಲ. ಮನೆ, ಮಠ, ಶಾಲೆ, ಸಾಹಿತ್ಯ, ಮದುವೆ ಸೇರಿ ಒಂದು ಜೀವವನ್ನು ಹೆಣ್ಣಾಗಿ ಮಾಡುತ್ತವೆ. ದೇಹ ಸುಳ್ಳಲ್ಲ, ಆದರೆ ದೇಹಕ್ಕೆ ಅರ್ಥ ಕೊಡುವುದು ಸನ್ನಿವೇಶ. ಹುಟ್ಟಿನಿಂದ ಯಾರೂ ಕೀಳಲ್ಲ ಎಂಬ ಮಾತನ್ನು ತಲೆಮಾರುಗಳಿಂದ ಕೂಗಿ ಹೇಳುತ್ತಿರುವ ನಮಗೆ ಇದು ಮನೆಮಾತಿನಂತೆ ಕೇಳಿಸುತ್ತದೆ. ಹುಟ್ಟನ್ನು ಹಣೆಬರಹ ಮಾಡುವ ಯಾವ ವ್ಯವಸ್ಥೆಯ ಬೇರಿಗೂ ಈ ವಾದ ಏಟು ಹಾಕುತ್ತದೆ. ಆಕೆಯಿಂದ ನಾವು ಪಡೆಯಬೇಕಾದದ್ದು ಮೊದಲಿಗೆ ಇದು.

ಎರಡನೆಯದು ‘ನಾವು’ ಎಂಬ ಮಾತಿನ ಬಗ್ಗೆ ಆಕೆ ಎತ್ತುವ ಪ್ರಶ್ನೆ. ಕಾರ್ಮಿಕರು ‘ನಾವು’ ಎನ್ನುತ್ತಾರೆ, ಕರಿಯರು ‘ನಾವು’ ಎನ್ನುತ್ತಾರೆ, ಹೆಂಗಸರು ಮಾತ್ರ ಹಾಗೆ ಹೇಳಲಾರರು. ಯಾಕೆಂದರೆ ಅವರು ತಂದೆ, ಗಂಡಂದಿರ ಮನೆಗಳಲ್ಲಿ ಚದುರಿಹೋಗಿದ್ದಾರೆ. ಶ್ರೀಮಂತರ ಮನೆಯ ಹೆಣ್ಣು ತನ್ನ ವರ್ಗದ ಗಂಡಸರ ಜೊತೆ ನಿಲ್ಲುತ್ತಾಳೆ, ಕೂಲಿ ಹೆಣ್ಣಿನ ಜೊತೆ ಅಲ್ಲ. ಬಿಳಿ ಹೆಣ್ಣು ಬಿಳಿ ಗಂಡಸಿನ ಕಡೆ ನಿಲ್ಲುತ್ತಾಳೆ, ಕರಿ ಹೆಣ್ಣಿನ ಕಡೆ ಅಲ್ಲ. ಇದನ್ನು ಬೋವಾಳೇ ಪೀಠಿಕೆಯಲ್ಲಿ ಹೇಳಿದ್ದಾಳೆ. ನಮ್ಮ ಗುಂಪಿನಲ್ಲಿ ಇಲ್ಲಿಗೆ ಬಂದಾಗ ಹುಡುಗಿಯರೆಲ್ಲ ಒಟ್ಟಿಗೇ ತಲೆಯಾಡಿಸಿದರು. ಊರಿನ ಹೆಂಗಸು ಊರಿನವಳೇ, ಕೇರಿಯ ಹೆಂಗಸು ಕೇರಿಯವಳೇ. ನಲ್ಲಿ ಹತ್ತಿರ ಗೊತ್ತಾಗುತ್ತೆ ಬಿಡಿ ಸಾರ್ ಎಂದಳೊಬ್ಬಳು.

ಇಷ್ಟು ಕಂಡವಳು ಮುಂದಿನ ನೂರಾರು ಪುಟಗಳಲ್ಲಿ ‘ಹೆಣ್ಣು’ ಎಂದು ಬರೆದಾಗ ಯಾರ ಚಿತ್ರ ಮೂಡುತ್ತದೆ? ಬಹುಪಾಲು ಅದು ಬಿಳಿಯ, ಓದಿದ, ಉಳ್ಳವರ ಮನೆಯ ಹೆಣ್ಣು. ಪಿಯಾನೊ ಕಲಿಯುವ ಹುಡುಗಿ, ಗಂಡ ಕೆಲಸಕ್ಕೆ ಹೋದ ಮೇಲೆ ಬೇಸರದಿಂದ ಕಿಟಕಿಯಲ್ಲಿ ನಿಲ್ಲುವ ಗೃಹಿಣಿ. ಕೂಲಿ ಹೆಂಗಸರು, ರೈತ ಹೆಂಗಸರು ಬಂದರೂ ಉದಾಹರಣೆಯಾಗಿ ಬಂದು ಹೋಗುತ್ತಾರೆ. ಕರಿಯರು ಎಂದಾಗ ಕರಿ ಗಂಡಸು, ಹೆಂಗಸರು ಎಂದಾಗ ಬಿಳಿ ಹೆಂಗಸು. ನಡುವಿನವಳು ಎರಡೂ ತಟ್ಟೆಯಿಂದ ಜಾರಿ ಕೆಳಕ್ಕೆ ಬಿದ್ದಳು. ಹೋಲಿಕೆಯಲ್ಲಿ ಇಂಥದೊಂದು ಅಪಾಯವಿದೆ. ‘ಹೆಣ್ಣು ಕರಿಯರಂತೆ’ ಎನ್ನುವವರು ತಮಗೇ ಗೊತ್ತಿಲ್ಲದೆ ಕರಿಯರಲ್ಲಿ ಹೆಣ್ಣಿಲ್ಲ ಎಂದೂ ಹೇಳಿಬಿಡುತ್ತಾರೆ. ‘ಹೆಂಗಸರೂ ಒಂದು ರೀತಿ ದಲಿತರೇ’ ಎಂದು ನಮ್ಮಲ್ಲಿ ಸಲೀಸಾಗಿ ಹೇಳುವವರು ಈ ಮಾತನ್ನು ನೆನಪಿಡಬೇಕು.

ಇಲ್ಲೊಂದು ಎಚ್ಚರವೂ ಬೇಕು. ಬಹುಕಾಲ ನಾವು ಓದಿದ ಇಂಗ್ಲಿಷ್ ಪುಸ್ತಕ ಪೂರ್ತಿ ಬೋವಾ ಅಲ್ಲ. ೧೯೫೩ರ ಅನುವಾದಕ ಪಾರ್ಶ್ಲಿ ಪ್ರಾಣಿಶಾಸ್ತ್ರದ ಪ್ರಾಧ್ಯಾಪಕ, ತತ್ವಶಾಸ್ತ್ರದವನಲ್ಲ. ಪ್ರಕಾಶಕರ ಒತ್ತಾಯವೂ ಸೇರಿ ಪುಸ್ತಕದ ಗಣನೀಯ ಭಾಗಕ್ಕೆ ಕತ್ತರಿ ಬಿತ್ತು. ಚರಿತ್ರೆಯ ಅಧ್ಯಾಯದಲ್ಲಿ ಎಷ್ಟೋ ಹೆಂಗಸರ ಹೆಸರುಗಳೇ ಮಾಯವಾದವು. ಮಾರ್ಗರೆಟ್ ಸೈಮನ್ಸ್ ಎಂಬ ವಿದ್ವಾಂಸೆ ೧೯೮೩ರಲ್ಲಿ ಇದನ್ನು ಬಯಲು ಮಾಡಿದಳು. ಪೂರ್ಣ ಇಂಗ್ಲಿಷ್ ಅನುವಾದ ಬಂದದ್ದು ೨೦೦೯ರಲ್ಲಿ. ಆದ್ದರಿಂದ ಆಕೆಯ ಮೇಲೆ ತೀರ್ಪು ಕೊಡುವಾಗ ಕತ್ತರಿಸಿದವನ ಪಾಪವನ್ನು ಬರೆದವಳ ಮೇಲೆ ಹಾಕಬಾರದು. ಆದರೆ ತಕ್ಕಡಿಯ ಕತೆ ಪೂರ್ಣ ಪಾಠದಲ್ಲೂ ಬದಲಾಗುವುದಿಲ್ಲ.

೫

ನನ್ನ ಮುಖ್ಯ ತಕರಾರು ಕಸಬರಿಗೆಯ ಬಗ್ಗೆ. ಮನೆಗೆಲಸದ ಬಗ್ಗೆ ಬೋವಾ ಬರೆದ ಪುಟಗಳು ಬಹಳ ಖಾರವಾಗಿವೆ. ಗುಡಿಸು, ತೊಳೆ, ಮತ್ತೆ ಗುಡಿಸು. ಬಂಡೆಯನ್ನು ಬೆಟ್ಟಕ್ಕೆ ನೂಕುವ ಸಿಸಿಫಸನ ಶಿಕ್ಷೆಯಂತೆ ಕೊನೆಯಿಲ್ಲದ್ದು. ಏನನ್ನೂ ಹೊಸದಾಗಿ ಕಟ್ಟುವುದಿಲ್ಲ, ಬರೀ ಕೊಳೆಯ ಜೊತೆ ಗುದ್ದಾಟ. ಮನುಷ್ಯ ಮನುಷ್ಯನಾಗುವುದು ಇರುವುದನ್ನು ಮೀರಿ ಹೊಸದನ್ನು ಮಾಡಿದಾಗ. ಇದ್ದಲ್ಲೇ ಸುತ್ತುವ ಕೆಲಸದಲ್ಲಿ ಹೆಣ್ಣನ್ನು ಕಟ್ಟಿಹಾಕಿದ್ದೇ ಅವಳಿಗಾದ ಮೋಸ ಎಂಬುದು ವಾದ.

ಕೊಳೆಯ ಜೊತೆ ಗುದ್ದಾಡುವುದನ್ನೇ ಕುಲಕಸುಬಾಗಿ ಹೇರಿಸಿಕೊಂಡವರ ಮಕ್ಕಳು ಈ ಪುಟಗಳನ್ನು ಹೇಗೆ ಓದಬೇಕು? ಮೊದಲು ಒಪ್ಪುತ್ತೇನೆ. ಕಸಬರಿಗೆಗೆ ಹೂ ಮುಡಿಸಿ ಅದೂ ಒಂದು ಪೂಜೆ ಎನ್ನುವ ಮಾತುಗಳನ್ನು ನಾವು ಸಾಕಷ್ಟು ಕೇಳಿದ್ದೇವೆ. ಹೊಲಸು ಕೆಲಸ ಬಿಡಿ, ಊರು ಬಿಟ್ಟಾದರೂ ಸರಿ ಎಂದ ಬಾಬಾಸಾಹೇಬರ ದಾರಿ ನಮ್ಮದು. ಕಸಬರಿಗೆಯಲ್ಲಿ ಘನತೆ ಹುಡುಕಬೇಡಿ ಎನ್ನುವ ಬೋವಾ ಇಲ್ಲಿ ನಮ್ಮ ಕಡೆಯವಳು.

ಆದರೆ ಪ್ರಶ್ನೆ ಅಲ್ಲಿಗೆ ಮುಗಿಯುವುದಿಲ್ಲ. ಬೋವಾ ೧೯೪೮ರವರೆಗೆ ಹೆಚ್ಚಿನ ಕಾಲ ಬದುಕಿದ್ದು ಹೋಟೆಲ್ ಕೋಣೆಗಳಲ್ಲಿ, ಬರೆದದ್ದು ಕೆಫೆಗಳಲ್ಲಿ, ಊಟ ಮಾಡಿದ್ದು ರೆಸ್ಟೋರೆಂಟುಗಳಲ್ಲಿ. ಮನೆವಾರ್ತೆಯ ಬಲೆಗೆ ಬೀಳಬಾರದೆಂದು ಬೇಕೆಂದೇ ಆರಿಸಿಕೊಂಡ ಬದುಕು ಅದು, ಧೈರ್ಯದ ಬದುಕು. ಆದರೆ ಹೋಟೆಲಿನ ಹಾಸಿಗೆ ತಾನೇ ಮಡಚಿಕೊಳ್ಳುತ್ತದೆಯೆ? ಕೆಫೆಯ ಲೋಟ ತಾನೇ ತೊಳೆದುಕೊಳ್ಳುತ್ತದೆಯೆ? ಒಬ್ಬಳು ಬಲೆಯಿಂದ ಹೊರಬಂದಾಗ ಬಲೆ ಖಾಲಿಯಾಗಲಿಲ್ಲ. ಇನ್ನೊಬ್ಬ ಲೂಯಿಸ್ ಒಳಗೆ ಹೋದಳು. ಕೆಲಸ ಕೀಳು ಎಂದು ತೋರಿಸಿದ್ದು ಸರಿ, ಆ ಕೆಲಸ ಯಾರ ತಲೆಗೆ ಹೋಯಿತು ಎಂದು ಲೆಕ್ಕ ಹಾಕದೇ ಹೋದದ್ದು ಸರಿಯಲ್ಲ. ಯಾವ ಬಿಡುಗಡೆಯ ತತ್ವವನ್ನಾದರೂ ಓದುವಾಗ ದಲಿತ ವಿಮರ್ಶೆ ಮೊದಲು ಕೇಳಬೇಕಾದ್ದು ಇದನ್ನೇ: ಈ ಸ್ವಾತಂತ್ರ್ಯದ ಲೋಟ ತೊಳೆದವರು ಯಾರು?

ಇನ್ನೊಂದು ಕಡೆಯೂ ನನಗೆ ಚುಚ್ಚಿತು. ೧೯೪೭ರ ‘ದಿ ಎಥಿಕ್ಸ್ ಆಫ್ ಆಂಬಿಗ್ಯುಯಿಟಿ’ಯಲ್ಲಿ ಆಕೆ, ತಮ್ಮ ಗುಲಾಮಗಿರಿಯ ಅರಿವಿಗೇ ಬಾರದ ಗುಲಾಮರನ್ನು ಮಕ್ಕಳ ಲೋಕದಲ್ಲಿ ಉಳಿದವರಿಗೆ ಹೋಲಿಸುತ್ತಾಳೆ. ಒಡೆಯರು ಅವರನ್ನು ಬೆಳೆದ ಮಕ್ಕಳೆಂದು ಕಂಡದ್ದರಲ್ಲಿ ತೀರಾ ತಪ್ಪಿಲ್ಲ ಎನ್ನುವವರೆಗೆ ಹೋಗುತ್ತಾಳೆ. ಅವರನ್ನು ದೂಷಿಸಬಾರದು, ಆ ಸ್ಥಿತಿಯನ್ನು ಅವರ ಮೇಲೆ ಹೇರಲಾಗಿದೆ ಎಂಬುದು ಆಕೆಯ ಉದ್ದೇಶ, ನಿಜ. ಆದರೂ ಇದು ಜಮೀನ್ದಾರನ ಜಗಲಿಯ ಮೇಲೆ ನಿಂತು ನೋಡಿದ ನೋಟ. ನನ್ನಜ್ಜ ಗೌಡರ ಮುಂದೆ ಕೈಕಟ್ಟಿ ‘ಹೂಂ ಬುದ್ದಿ’ ಎನ್ನುತ್ತಿದ್ದವನು. ಕೇರಿಗೆ ಬಂದ ಮೇಲೆ ಅದೇ ಗೌಡರ ನಡಿಗೆ, ಕೆಮ್ಮು, ಪಂಚೆ ಎತ್ತುವ ರೀತಿಯನ್ನು ಆಡಿ ತೋರಿಸಿ ಎಲ್ಲರನ್ನೂ ನಗಿಸುತ್ತಿದ್ದ. ಜಗಲಿಯಿಂದ ಕಾಣುವುದು ಕಟ್ಟಿದ ಕೈ ಮಾತ್ರ. ಅರಿವು ಇಲ್ಲದ್ದಕ್ಕೂ, ಅರಿವನ್ನು ತೋರಿಸಿದರೆ ಜೀವ ಉಳಿಯದ್ದಕ್ಕೂ ಬಹಳ ವ್ಯತ್ಯಾಸವಿದೆ.

೬

ಹಾಗಾದರೆ ಬೋವಾಳನ್ನು ಪಕ್ಕಕ್ಕೆ ಇಟ್ಟುಬಿಡೋಣವೆ? ಬೇಡ ಎನ್ನುವುದಕ್ಕೆ ನನಗೆ ಕಾರಣ ಸಿಕ್ಕಿದ್ದು ಆಕೆಯ ಅದೇ ಪುಸ್ತಕದಲ್ಲಿ. ಅಲ್ಲಿನ ಮುಖ್ಯ ವಾದ ಇದು: ನಾನು ಒಬ್ಬಳೇ ಸ್ವತಂತ್ರಳಾಗಿರಲು ಸಾಧ್ಯವಿಲ್ಲ. ನನ್ನ ಸ್ವಾತಂತ್ರ್ಯ ಅರ್ಥ ಪಡೆಯುವುದು ಉಳಿದವರ ಸ್ವಾತಂತ್ರ್ಯದಲ್ಲಿ. ಅವರ ಬಿಡುಗಡೆಯನ್ನು ಬಯಸದ ನನ್ನ ಬಿಡುಗಡೆ ಬರೀ ಆತ್ಮವಂಚನೆ. ತುಳಿಯುವವನು ‘ನನ್ನ ಸ್ವಾತಂತ್ರ್ಯಕ್ಕೆ ಅಡ್ಡಿ ಬಂತು’ ಎಂದರೆ ಅದನ್ನು ಮನ್ನಿಸಬೇಕಾಗಿಲ್ಲ. ಇಂಥ ಅಳತೆಗೋಲನ್ನು ಕೊಟ್ಟವಳನ್ನು ಅದೇ ಅಳತೆಗೋಲಿನಿಂದ ಅಳೆಯುವುದು ಅಗೌರವವಲ್ಲ.

ಅಳೆದರೆ ಆಕೆ ಎಷ್ಟೋ ಕಡೆ ಗಿಡ್ಡಳಾಗಿ ಕಾಣುತ್ತಾಳೆ. ಜರ್ಮನ್ನರು ಪ್ಯಾರಿಸನ್ನು ಹಿಡಿದಿದ್ದಾಗ, ತಾನು ಯಹೂದಿಯಲ್ಲ ಎಂಬ ಹೇಳಿಕೆಗೆ ಕೆಲಸ ಉಳಿಸಿಕೊಳ್ಳಲು ಸಹಿ ಹಾಕಿದಳು, ಆಕೆಯೇ ಬರೆದಿದ್ದಾಳೆ. ತನ್ನ ವಿದ್ಯಾರ್ಥಿನಿಯರ ಜೊತೆಗೇ ಸಂಬಂಧ ಬೆಳೆಸಿದಳು. ಅವರಲ್ಲೊಬ್ಬಳಾದ ಯಹೂದಿ ಹುಡುಗಿ ಬಿಯಾಂಕಾಳನ್ನು ಸಾರ್ತ್ರ, ಬೋವಾ ಇಬ್ಬರೂ ೧೯೪೦ರಲ್ಲಿ ಕೈಬಿಟ್ಟರು, ನಾಜಿಗಳು ಬಂದು ಕೂತ ಆ ಹೊತ್ತಿನಲ್ಲಿ. ಬಿಯಾಂಕಾ ಲಾಂಬ್ಲಾ ೧೯೯೩ರಲ್ಲಿ ತನ್ನ ಪುಸ್ತಕದಲ್ಲಿ ಆ ಗಾಯವನ್ನು ಬಿಚ್ಚಿಟ್ಟಳು. ‘ಅನ್ಯೆ’ಯ ಬಗ್ಗೆ ಬರೆದವಳು ಎಳೆಯ ಹುಡುಗಿಯೊಬ್ಬಳನ್ನು ಬಳಸಿ ಬಿಸಾಡಿದ್ದನ್ನು ತತ್ವಜ್ಞಾನದ ಹೆಸರಿನಲ್ಲಿ ಮುಚ್ಚಿಡಲು ಬರುವುದಿಲ್ಲ. ನಮ್ಮ ನಾಯಕರ, ಕವಿಗಳ ವಿಷಯದಲ್ಲೂ ಇದೇ ಮಾತು.

ಆದರೆ ಆಕೆ ಅಲ್ಲೇ ನಿಲ್ಲಲಿಲ್ಲ. ೧೯೬೦ರಲ್ಲಿ ಅಲ್ಜೀರಿಯಾದ ಹೋರಾಟಗಾರ್ತಿ ಜಮೀಲಾ ಬೂಪಾಶಾಳನ್ನು ಫ್ರೆಂಚ್ ಸೈನಿಕರು ಹಿಡಿದು ಚಿತ್ರಹಿಂಸೆ ಕೊಟ್ಟು ಅತ್ಯಾಚಾರ ಮಾಡಿದರು. ವಕೀಲೆ ಜಿಸೆಲ್ ಹಲೀಮಿ ಬೋವಾಳ ಬಳಿ ಬಂದಳು. ಆ ಜೂನಿನಲ್ಲಿ ಬೋವಾ ‘ಲ ಮೋಂದ್’ ಪತ್ರಿಕೆಯಲ್ಲಿ ಬರೆದಳು. ಅಲ್ಜಿಯರ್ಸಿನಲ್ಲಿ ಸರ್ಕಾರ ಆ ಸಂಚಿಕೆಯನ್ನು ಮುಟ್ಟುಗೋಲು ಹಾಕಿತು. ೧೯೬೨ರಲ್ಲಿ ಬಂದ ಪುಸ್ತಕಕ್ಕೆ ಹಲೀಮಿಯ ಜೊತೆ ತನ್ನ ಹೆಸರನ್ನೂ ಹಾಕಿ ಕಾನೂನಿನ ಅಪಾಯವನ್ನು ಹಂಚಿಕೊಂಡಳು. ಇಲ್ಲಿ ಆಕೆ ‘ಹೆಣ್ಣು’ ಎಂಬ ಸಾಮಾನ್ಯ ನಾಮದ ಬಗ್ಗೆ ಬರೆಯುತ್ತಿಲ್ಲ. ವಸಾಹತಿನ ಹೆಣ್ಣು, ಮುಸ್ಲಿಂ ಹೆಣ್ಣು, ತನ್ನದೇ ದೇಶದ ಸೈನಿಕರ ಕೈಗೆ ಸಿಕ್ಕ ಹೆಣ್ಣು. ತಕ್ಕಡಿಯ ಎರಡೂ ತಟ್ಟೆಗೆ ಸೇರದವಳ ಪಕ್ಕದಲ್ಲಿ ನಿಲ್ಲಲು ಬೋವಾಳಿಗೆ ಹನ್ನೊಂದು ವರ್ಷ ಬೇಕಾಯಿತು. ಪುಸ್ತಕ ಕಲಿಸದ್ದನ್ನು ಯುದ್ಧ ಕಲಿಸಿತು ಎನ್ನಬಹುದು.

ತಿದ್ದಿಕೊಳ್ಳುವ ಗುಣ ಆಕೆಗಿತ್ತು. ಸಮಾಜವಾದ ಬಂದರೆ ಹೆಣ್ಣಿನ ಪ್ರಶ್ನೆ ತಾನಾಗಿ ಬಗೆಹರಿಯುತ್ತದೆ ಎಂದು ೧೯೪೯ರಲ್ಲಿ ನಂಬಿದ್ದವಳು, ೧೯೭೨ರ ಸಂದರ್ಶನದಲ್ಲಿ, ಇಲ್ಲ, ಅದು ತಪ್ಪಾಗಿತ್ತು, ಈಗ ನಾನು ಸ್ತ್ರೀವಾದಿ ಎಂದು ಘೋಷಿಸಿದಳು. ೧೯೭೧ರಲ್ಲಿ ಗರ್ಭಪಾತದ ಹಕ್ಕಿಗಾಗಿ ೩೪೩ ಹೆಂಗಸರು, ತಾವು ಗರ್ಭಪಾತ ಮಾಡಿಸಿಕೊಂಡಿದ್ದೇವೆ ಎಂದು ಶಿಕ್ಷೆಗೆ ಎದೆಯೊಡ್ಡಿ ಸಹಿ ಹಾಕಿದಾಗ ಆಕೆಯ ಹೆಸರೂ ಇತ್ತು. ೧೯೭೫ರಲ್ಲಿ ಕಾನೂನು ಬದಲಾಯಿತು. ೧೯೮೬ರ ಏಪ್ರಿಲ್ ೧೪ರಂದು ತೀರಿಕೊಂಡಾಗ ಆಕೆಯ ವಿಳಾಸ, ಗುಲಾಮಗಿರಿ ರದ್ದು ಮಾಡಿಸಿದ ವಿಕ್ತರ್ ಷೋಲ್‌ಷರ್ ಹೆಸರಿನ ಬೀದಿ.

ಆಕೆ ಬದುಕಿದ್ದಾಗಲೇ ನಮ್ಮ ಹುಡುಗಿಯ ಪ್ರಶ್ನೆಯನ್ನು ಇನ್ನೊಬ್ಬಳು ಕೇಳಿದ್ದಳು. ೧೯೭೯ರಲ್ಲಿ ನ್ಯೂಯಾರ್ಕಿನಲ್ಲಿ ‘ದಿ ಸೆಕೆಂಡ್ ಸೆಕ್ಸ್’ಗೆ ಮೂವತ್ತು ವರ್ಷ ತುಂಬಿದ ನೆಪದಲ್ಲಿ ಸಮಾವೇಶ ನಡೆಯಿತು. ಕರಿಯ ಕವಿ ಆಡ್ರಿ ಲಾರ್ಡ್ ಎದ್ದು ನಿಂತು ಬಿಳಿ ಸ್ತ್ರೀವಾದಿಗಳನ್ನು ತರಾಟೆಗೆ ತೆಗೆದುಕೊಂಡಳು. ನೀವಿಲ್ಲಿ ಸಿದ್ಧಾಂತ ಚರ್ಚೆ ಮಾಡುವಾಗ ನಿಮ್ಮ ಮನೆ ಗುಡಿಸುತ್ತಾ ಮಕ್ಕಳನ್ನು ನೋಡಿಕೊಳ್ಳುತ್ತಾ ಇರುವ ಬಡ ಹೆಂಗಸರ, ಕರಿ ಹೆಂಗಸರ ಬಗ್ಗೆ ನಿಮ್ಮ ಸಿದ್ಧಾಂತ ಏನು ಹೇಳುತ್ತದೆ ಎಂದು ಕೇಳಿದಳು. ಲೂಯಿಸ್ ಸಭೆಗೆ ಬಂದ ಹಾಗಾಯಿತು. ಸ್ವಾರಸ್ಯವೆಂದರೆ, ಅದೇ ಭಾಷಣದ ಕೊನೆಗೆ ಲಾರ್ಡ್ ಬೋವಾಳ ಮಾತನ್ನೇ ಎತ್ತಿ ಹೇಳುತ್ತಾಳೆ. ನಮ್ಮ ಬದುಕಿನ ನಿಜಸ್ಥಿತಿಯ ಅರಿವಿನಿಂದಲೇ ಬದುಕುವ ಬಲವನ್ನೂ ಹೋರಾಡುವ ಕಾರಣವನ್ನೂ ಪಡೆಯಬೇಕು ಎಂಬ ಮಾತು ಅದು. ಹೀಗೆ ಜಗಳವಾಡುತ್ತಲೇ ಬೇಕಾದ್ದನ್ನು ತೆಗೆದುಕೊಳ್ಳುವ ಓದು ನಮಗೆ ಮಾದರಿ.

೭

ಇಷ್ಟು ಬರೆದು, ಸಂಚಿಕೆಗೆ ಕಳಿಸುವ ಮೊದಲು ಆ ಹುಡುಗಿಗೇ ಓದಲು ಕೊಟ್ಟೆ. ಅವಳ ಪ್ರಶ್ನೆಗೆ ಉತ್ತರ ಕೊಟ್ಟೆನೆಂಬ ಸಣ್ಣ ಜಂಬವೂ ಇತ್ತು. ಮೂರು ದಿನ ಬಿಟ್ಟು ಬಂದಳು. ಕೈಯಲ್ಲಿ ಇದರ ಜೊತೆ ದಲಿತ ಕತೆಗಳ ಬಗ್ಗೆ ನಾನು ಹಿಂದೊಮ್ಮೆ ಬರೆದಿದ್ದ, ಒಂದಷ್ಟು ಜನ ಮೆಚ್ಚಿಕೊಂಡಿದ್ದ ಲೇಖನದ ಜೆರಾಕ್ಸ್ ಇತ್ತು. ‘ಬೋವಾ ಬಗ್ಗೆ ಚೆನ್ನಾಗಿ ಬರ್ದಿದೀರಿ ಸಾರ್. ಆದ್ರೆ ಇದ್ರಲ್ಲಿ ನೋಡಿ. ದಲಿತ ಅಂದಲ್ಲೆಲ್ಲಾ ಅವನು, ಅವನಿಗೆ, ಅವನ ಸಿಟ್ಟು ಅಂತಾನೇ ಇದೆ. ಅವ್ವ ಬರ್ತಾಳೆ, ಆದ್ರೆ ಭೂಮಿತಾಯಿ ಥರ ಅಂತ ಬರ್ತಾಳೆ. ಅವಳು ಏನು ಯೋಚ್ನೆ ಮಾಡಿದ್ಲು ಅಂತ ಒಂದು ಕಡೆನೂ ಇಲ್ಲ. ನಮ್ಮವ್ವನೂ ನಿಮ್ಗೆ ಬರೀ ಹೋಲಿಕೆನಾ ಸಾರ್?’

ಆ ಲೇಖನವನ್ನು ರಾತ್ರಿ ಮತ್ತೆ ಓದಿದೆ. ಅವಳು ಹೇಳಿದ್ದು ಅಕ್ಷರಶಃ ನಿಜ. ಗಂಡಸು ತನ್ನನ್ನೇ ಮನುಷ್ಯ ಎಂದುಕೊಂಡ ಎಂದು ಬೋವಾ ಹೇಳಿದಳಲ್ಲ, ನಾನು ನನ್ನನ್ನೇ ದಲಿತ ಎಂದುಕೊಂಡಿದ್ದೆ. ಅವ್ವನಿಗೆ ತಾಳ್ಮೆ, ತ್ಯಾಗ, ಮಣ್ಣಿನ ವಾಸನೆ ಎಲ್ಲ ಕೊಟ್ಟಿದ್ದೆ. ವಿಚಾರ ಮಾತ್ರ ಕೊಟ್ಟಿರಲಿಲ್ಲ. ಹೆಣ್ಣನ್ನು ಪುರಾಣ ಮಾಡಿ ಕೂರಿಸಿ ಬಾಯಿ ಕಟ್ಟುವ ಗಂಡು ಲೇಖಕರ ಚಾಳಿಯನ್ನು ಬೋವಾ ಇಡೀ ಒಂದು ಭಾಗದಲ್ಲಿ ಬಿಡಿಸಿ ತೋರಿಸಿದ್ದಾಳೆ. ಅದನ್ನು ಓದಿ ಅಡಿಗೆರೆ ಹಾಕಿಕೊಂಡವನು ನಾನೇ.

ಹಾಗೆ ನೋಡಿದರೆ ಇದಕ್ಕಾಗಿ ಪ್ಯಾರಿಸಿನವರೆಗೆ ಹೋಗಬೇಕಿರಲಿಲ್ಲ. ೧೯೧೬ರ ಮೇ ತಿಂಗಳಲ್ಲಿ, ಬೋವಾಳ ಪುಸ್ತಕಕ್ಕಿಂತ ಮೂವತ್ತಮೂರು ವರ್ಷ ಮೊದಲು, ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಬಾಬಾಸಾಹೇಬರು ಓದಿದ ಪ್ರಬಂಧ ಜಾತಿಯ ಯಂತ್ರವನ್ನು ಬಿಚ್ಚಿಟ್ಟಿತ್ತು. ಜಾತಿ ಉಳಿಯುವುದು ಒಳಮದುವೆಯಿಂದ, ಒಳಮದುವೆ ಉಳಿಯುವುದು ಹೆಣ್ಣನ್ನು ಕಾಯುವುದರಿಂದ. ಸತಿ, ಬಲವಂತದ ವೈಧವ್ಯ, ಬಾಲ್ಯವಿವಾಹ ಇವೆಲ್ಲ ಆ ಕಾವಲಿನ ಉಪಾಯಗಳು ಎಂದು ಅವರು ತೋರಿಸಿದರು. ಜಾತಿಯ ಗೋಡೆ ಹೆಣ್ಣಿನ ಮೈಮೇಲೆ ನಿಂತಿದೆ ಎಂದ ಮೇಲೆ ಜಾತಿ ಒಂದು ತಟ್ಟೆ, ಹೆಣ್ಣು ಇನ್ನೊಂದು ತಟ್ಟೆ ಎಂದು ತೂಗುವುದಕ್ಕೆ ಆಗುವುದೇ ಇಲ್ಲ. ಬೋವಾಳಿಗೆ ಈ ಪ್ರಬಂಧ ಸಿಕ್ಕಿದ್ದರೆ ಎಂದು ನನಗೆ ಅನ್ನಿಸುತ್ತದೆ. ಆಮೇಲೆ ನಾಚಿಕೆಯಾಗುತ್ತದೆ, ನಮಗೆ ಸಿಕ್ಕಿತ್ತಲ್ಲ, ನಾವೇನು ಮಾಡಿದೆವು? ದಲಿತ ಹೆಂಗಸರು ಬೇರೆಯಾಗಿಯೇ ಮಾತಾಡುತ್ತಾರೆ, ಅದಕ್ಕೆ ಕಾರಣವಿದೆ ಎಂದು ಗೋಪಾಲ್ ಗುರು ೧೯೯೫ರಲ್ಲಿ ಬರೆದಾಗ ನಮ್ಮಲ್ಲಿ ಎಷ್ಟು ಜನ ಅದನ್ನು ವಿಮರ್ಶೆಯ ಪ್ರಶ್ನೆಯಾಗಿ ತೆಗೆದುಕೊಂಡೆವು? ಸಂಘಟನೆಯೊಳಗೆ ಅದನ್ನು ಒಡಕಿನ ಮಾತು ಎಂದವರೇ ಹೆಚ್ಚು.

ಬೋವಾಳಿಂದ ಕೊನೆಗೆ ನಾನು ಕಲಿತದ್ದು ಇಷ್ಟು. ಬಿಡುಗಡೆಯ ಬಗ್ಗೆ ಬರೆಯುವ ಪ್ರತಿಯೊಬ್ಬರ ಬೆನ್ನ ಹಿಂದೆಯೂ ಒಬ್ಬ ಲೂಯಿಸ್ ನಿಂತಿರುತ್ತಾಳೆ. ಆಕೆಯ ಬೆನ್ನ ಹಿಂದೆ ನಿಂತವಳು ನನಗೆ ಕೂಡಲೇ ಕಂಡಳು. ನನ್ನ ಬೆನ್ನ ಹಿಂದಿನವಳನ್ನು ಇನ್ನೊಬ್ಬಳು ತೋರಿಸಬೇಕಾಯಿತು.

ಈ ಲೇಖನದಲ್ಲಿ ಆ ಹುಡುಗಿಯ ಹೆಸರು ಹಾಕಲೇ ಎಂದು ಕೇಳಿದೆ. ‘ಬೇಡ ಸಾರ್, ಮುಂದಿನ ಸಂಚಿಕೆಗೆ ನಾನೇ ಬರೀತೀನಿ’ ಅಂದಳು.